ವೇದಾವತಿಯ ದಂಡೆಯಲ್ಲಿ ಭೂಗೋಳದ ಓದು

ಅನಂತಪುರ ಜಿಲ್ಲೆಯ ಗುಮ್ಮಗಟ್ಟ ಮಂಡಲದಲ್ಲಿ, ವೇದಾವತೀ ನದಿಗೆ ಅಡ್ಡಲಾಗಿ ಕಟ್ಟಿರುವ ಅಣೆಕಟ್ಟಿನಿಂದ ಹೆಸರುವಾಸಿಯಾಗಿರುವ ಭೈರವಾನಿತಿಪ್ಪ ಗ್ರಾಮವನ್ನು ಆಂಧ್ರಪ್ರದೇಶದ ನಕ್ಷೆಯಲ್ಲಿ ಹುಡುಕಲು ಹೊರಟವನು, ದೃಷ್ಟಿಯನ್ನು ಸಮುದ್ರತೀರದಿಂದ ಪಶ್ಚಿಮಕ್ಕೆ ಸರಿಸುತ್ತ ಸರಿಸುತ್ತ, ಬಣ್ಣ ತೀರಿ ಬಿಳಿಯ ಕಾಗದ ಮೊದಲಾಗುವ ಅಂಚಿನವರೆಗೂ ಹೋಗಬೇಕಾಗುತ್ತದೆ. ಆ ಅಂಚಿನಲ್ಲಿ ಒಂದು ನೀಲಿಯ ಗೆರೆ ಹಠಾತ್ತನೆ ಉದ್ಭವಿಸಿ, ಸ್ವಲ್ಪ ದೂರ ಉತ್ತರಾಭಿಮುಖವಾಗಿ ಹರಿದು, ಮತ್ತೆ ಅಂಚನ್ನು ದಾಟಿ ಕಣ್ಮರೆಯಾಗುತ್ತದೆ. ಒಂದೇ ರಾಜ್ಯದ ನಕ್ಷೆಯನ್ನು ನೋಡಿ ಬೆಳೆದ ವಿದ್ಯಾರ್ಥಿಗೆ ಆ ನದಿಯು ಎಲ್ಲಿಂದ ಬಂದಿತು, ಎಲ್ಲಿಗೆ ಹೋಯಿತು ಎಂಬುದು ತಿಳಿಯುವಂತಿಲ್ಲ. ಅವನ ಮನೆಯ ಬಾಗಿಲಿನಿಂದ ಕೂಗಳತೆಯ ದೂರದಲ್ಲಿರುವ ಮರಳಿನ ಹಾಸು ಎಲ್ಲಿಯ ಬೆಟ್ಟದ್ದೆಂಬುದನ್ನು ಹೇಳಲು ಇನ್ನೊಂದು ಪುಸ್ತಕ ಬೇಕು. ಅದಾದ ಮೇಲೆ ಮತ್ತೊಂದು ಬೇಕು.

ಭೂಗೋಳಶಾಸ್ತ್ರಕ್ಕೆ ನಮ್ಮಲ್ಲಿ ಒದಗಿರುವ ದುರ್ದೆಸೆಯನ್ನು ನೆನೆದಾಗಲೆಲ್ಲ ನನಗೆ ವ್ಯಥೆಯಾಗುತ್ತದೆ. ರಾಜಧಾನಿಗಳ ಹೆಸರುಗಳನ್ನೂ ಶಿಖರಗಳ ಎತ್ತರವನ್ನೂ ಕಂಠಪಾಠ ಮಾಡಿ, ಪರೀಕ್ಷೆಯ ದಿನ ಒಪ್ಪಿಸಿ, ಮರುದಿನ ಮರೆಯತಕ್ಕ ವಿಷಯವೆಂದೇ ಬಹುಮಂದಿ ಅದನ್ನು ಎಣಿಸಿದ್ದಾರೆ. ಕಣ್ಣಿಗೆ ಕಾಣುವ ನೆಲವನ್ನು ಕಣ್ಣಿಗೆ ಕಾಣದ ನೆಲದೊಡನೆ ಹೊಂದಿಸಿ ತೋರಿಸುವುದು ಆ ಶಾಸ್ತ್ರದ ನಿಜವಾದ ಕಾರ್ಯ; ಆದುದರಿಂದ ಭೂಮಿಯ ವಿಷಯವಾದ ಯಾವ ಗ್ರಂಥವನ್ನೇ ಆಗಲಿ, ಅದು ಈಜಿಪ್ಟನ್ನು ಕುರಿತಿರಲಿ, ಹಿಮಾಲಯವನ್ನು ಕುರಿತಿರಲಿ, ತನ್ನ ಊರಿನ ಹೊಳೆಯ ದಂಡೆಯ ಮೇಲೆ ನಿಂತು ಓದಿದವನಿಗೆ ಅದು ಕೊಡುವ ಫಲವೇ ಬೇರೆ. ಈ ಬಗೆಯ ಓದಿಗೆ, ಭೈರವಾನಿತಿಪ್ಪವೂ ಸೇರಿರುವ ರಾಯದುರ್ಗ, ಅದರಂತೆಯೇ ಕರ್ನಾಟಕದ ಗಡಿಗೆ ಹೊಂದಿರುವ ಮಡಕಶಿರಾ ಸೀಮೆಗಳಷ್ಟು ಅನುಕೂಲವಾದ ಸ್ಥಳಗಳು ವಿರಳ.

ಮೊದಲು ನದಿಯನ್ನೇ ತೆಗೆದುಕೊಳ್ಳೋಣ. ಚಿಕ್ಕಮಗಳೂರಿನ ಬಾಬಾಬುಡನ್ ಗಿರಿಶ್ರೇಣಿಯಲ್ಲಿ, ಸುಮಾರು 1,900 ಮೀಟರುಗಳೆತ್ತರದ ಶಿಖರಗಳ ಪೂರ್ವದ ಮಗ್ಗುಲಿನಲ್ಲಿ ಹುಟ್ಟಿ, ಸಖರಾಯಪಟ್ಟಣದ ಅಯ್ಯನಕೆರೆಯ ಕಡೆಯಿಂದ ಬರುವ ವೇದಾ ಹಳ್ಳವೂ ಮದಗದ ಕೆರೆಯ ಕಡೆಯಿಂದ ಬರುವ ಅವತಿ ಹಳ್ಳವೂ ಕಡೂರಿನ ಸಮೀಪದಲ್ಲಿ ಕೂಡಿ ವೇದಾವತಿಯಾಗುತ್ತವೆ. ಹಿರಿಯೂರಿನ ಬಳಿ ಮಾರಿಕಣಿವೆಯಲ್ಲಿ ಮೈಸೂರು ಸಂಸ್ಥಾನದವರು 1898ರಿಂದ 1907ರವರೆಗೆ ಶ್ರಮಿಸಿ ಕಟ್ಟಿದ ವಾಣೀವಿಲಾಸಸಾಗರವು ಅದನ್ನು ತಡೆದು ನಿಲ್ಲಿಸುತ್ತದೆ. ಆ ಸಾಗರವು 1933ರಲ್ಲಿ ಒಮ್ಮೆ ತುಂಬಿ ಕೋಡಿ ಬಿದ್ದುದು, ಮತ್ತೆ ಹಾಗೆ ತುಂಬಿ ಹರಿಯುವುದಕ್ಕೆ 2022ನೆಯ ಇಸವಿಯವರೆಗೆ ಕಾಯಬೇಕಾಯಿತೆಂದರೆ, ಕೆಳಗಿನ ಊರುಗಳವರು ತುಂಬು ಹೊಳೆಯನ್ನು ಎಷ್ಟು ಅಪರೂಪವಾಗಿ ಕಂಡಿರಬೇಕೆಂಬುದನ್ನು ವಾಚಕರೇ ಊಹಿಸಬಹುದು. ಅಲ್ಲಿಂದ ಮುಂದೆ ಚಳ್ಳಕೆರೆಯ ಸೀಮೆಯನ್ನು ಹಾದು ರಾಯದುರ್ಗದ ಸೀಮೆಗೆ ಬಂದು, ಹಗರಿಯೆಂದು ಕರೆಸಿಕೊಂಡು, ಬಳ್ಳಾರಿ ಜಿಲ್ಲೆಯಲ್ಲಿ ಸಿರುಗುಪ್ಪದ ಕಡೆ ತುಂಗಭದ್ರೆಯನ್ನು ಸೇರಿ, ಆಕೆಯ ಮೂಲಕ ಕೃಷ್ಣೆಯನ್ನೂ, ಕೃಷ್ಣೆಯ ಮೂಲಕ ಬಂಗಾಳ ಕೊಲ್ಲಿಯನ್ನೂ ಈ ನೀರು ಮುಟ್ಟುತ್ತದೆ. ಪಶ್ಚಿಮಘಟ್ಟದ ನೆರಳಿನಲ್ಲಿ ಜನಿಸಿ, ಅರಬ್ಬೀ ಸಮುದ್ರಕ್ಕೆ ಅಷ್ಟು ಹತ್ತಿರದಲ್ಲಿದ್ದೂ, ಪೂರ್ವಸಮುದ್ರಕ್ಕೆ ಸಾಗುವ ಈ ನದಿಯ ದಾರಿಯನ್ನು ಬೆರಳಿಟ್ಟು ಅನುಸರಿಸಿದ ಬಾಲಕನಿಗೆ, ದಖನ್ನಿನ ಪ್ರಸ್ಥಭೂಮಿಯು ಪಡುವಲಿನಲ್ಲಿ ಎತ್ತಿ ಮೂಡಲಿಗೆ ವಾಲಿದೆಯೆಂಬ ಪಾಠವನ್ನು ಬೇರೆಯಾಗಿ ಹೇಳಬೇಕಾಗಿಲ್ಲ.

ಅನಂತಪುರ ಜಿಲ್ಲೆಯಲ್ಲಿ ವರ್ಷಕ್ಕೆ ಬೀಳುವ ಮಳೆ ಸುಮಾರು 550 ಮಿಲಿಮೀಟರು ಮಾತ್ರ. ಇಲ್ಲಿಂದ ನೇರ ಅಳೆದರೆ 250 ಕಿಲೋಮೀಟರಿನೊಳಗೇ ಇರುವ ಆಗುಂಬೆಯಲ್ಲಿ 7,000 ಮಿಲಿಮೀಟರಿಗೂ ಮಿಕ್ಕಿ ಸುರಿಯುತ್ತದೆ. ನೈಋತ್ಯದಿಂದ ಬರುವ ಮುಂಗಾರಿನ ಮೋಡಗಳು ಘಟ್ಟವನ್ನೇರುವಾಗ ತಣಿದು ತಮ್ಮ ಭಾರವನ್ನೆಲ್ಲ ಅಲ್ಲಿಯೇ ಇಳಿಸಿ, ಈಚೆಗೆ ಇಳಿಯುವಷ್ಟರಲ್ಲಿ ಬರಿಯ ಗಾಳಿಯಾಗಿರುತ್ತವೆ. ಈಶಾನ್ಯದ ಹಿಂಗಾರಾದರೋ ಪೂರ್ವತೀರದಿಂದ ಇಷ್ಟು ಒಳಗೆ ಬರುವಷ್ಟರಲ್ಲಿ ಬಡವಾಗುತ್ತದೆ. ಎರಡಕ್ಕೂ ದೂರವಾದ ಈ ನೆಲಕ್ಕೆ ಸೆಪ್ಟೆಂಬರು, ಅಕ್ಟೋಬರುಗಳ ಮಳೆಯೇ ಜೀವಾಧಾರ. ಪುಸ್ತಕದಲ್ಲಿ ‘ಮಳೆಯ ನೆರಳಿನ ಪ್ರದೇಶ’ವೆಂದು ಒಂದು ಸಾಲಿನಲ್ಲಿ ಮುಗಿದುಹೋಗುವ ವಿಷಯವು ಇಲ್ಲಿಯ ಶೇಂಗಾ ಬೆಳೆಗಾರನ ಸಮಸ್ತ ಜೀವನಚರಿತ್ರೆಯೇ ಆಗಿದೆ.

ಇದೇ ಸಂದರ್ಭದಲ್ಲಿ ಪ್ರಪಂಚದ ಭೂಪಟವನ್ನು ಬಿಡಿಸಿ ನೋಡುವುದು ಬಹಳ ಉಪಯುಕ್ತವಾದ ಕೆಲಸ. ಭೈರವಾನಿತಿಪ್ಪವು ಸುಮಾರು ಹದಿನಾಲ್ಕೂವರೆ ಡಿಗ್ರಿ ಉತ್ತರ ಅಕ್ಷಾಂಶದಲ್ಲಿದೆ. ಆ ರೇಖೆಯನ್ನೇ ಹಿಡಿದು ಮೂಡಣಕ್ಕೆ ಹೋದರೆ ಫಿಲಿಪ್ಪೀನ್ಸಿನ ಮನಿಲಾ ನಗರವೂ, ಪಡುವಣಕ್ಕೆ ಹೋದರೆ ಆಫ್ರಿಕಾದ ಕೊನೆಯಲ್ಲಿ ಸೆನೆಗಲ್ಲಿನ ಡಕಾರ್ ನಗರವೂ ಹೆಚ್ಚು ಕಡಮೆ ಅದರ ಮೇಲೆಯೇ ಸಿಗುತ್ತವೆ. ಮನಿಲಾದಲ್ಲಿ ಸುಮಾರು ಎರಡು ಸಾವಿರ ಮಿಲಿಮೀಟರು ಮಳೆ. ಡಕಾರಿನಲ್ಲಿ ಐನೂರಕ್ಕೂ ಕಡಮೆ. ಮೂರೂ ಕಡೆ ಸೂರ್ಯನ ಏರಿಳಿತ ಒಂದೇ, ಹಗಲಿರುಳುಗಳ ಪ್ರಮಾಣ ಒಂದೇ. ಹಾಗಿದ್ದರೂ ನೀರಿನ ಭಾಗ್ಯದಲ್ಲಿ ಇಷ್ಟು ಅಂತರವಿರುವುದಕ್ಕೆ ಗಾಳಿಯ ದಿಕ್ಕು, ಕಡಲಿನ ಸಾಮೀಪ್ಯ, ಬೆಟ್ಟಗಳ ನಿಲುವು ಇವುಗಳೇ ಕಾರಣವೆಂಬುದನ್ನು ಅರಿತವನು, ನಮ್ಮ ಸೀಮೆಯ ಬರವನ್ನು ದೈವದ ಶಾಪವೆಂದು ಭಾವಿಸಿ ಕೈಕಟ್ಟಿ ಕೂರಲಾರನು.

ಅಕ್ಷಾಂಶವೆಂಬುದು ಬರಿಯ ಕಾಗದದ ಮೇಲಿನ ಗೆರೆಯಲ್ಲವೆಂಬುದನ್ನು ಊರಿನಲ್ಲಿಯೇ ನಿಂತು ಪ್ರತ್ಯಕ್ಷಮಾಡಿಕೊಳ್ಳಬಹುದು. ಏಪ್ರಿಲ್ ತಿಂಗಳ ಕೊನೆಯಲ್ಲಿ, ಪಂಚಾಂಗದವರು ಭರಣಿ ಮಳೆಯೆಂದು ಹೇಳುವ ದಿನಗಳು ಹುಟ್ಟುವ ಹೊತ್ತಿಗೆ, ಮತ್ತು ಆಗಸ್ಟಿನ ನಡುವೆ ಆಶ್ಲೇಷ ಮಳೆ ಮುಗಿಯುತ್ತ ಬಂದಾಗ, ಸೂರ್ಯನು ಈ ಊರಿನ ನೆತ್ತಿಯ ಮೇಲೆ ನೇರವಾಗಿ ಬರುತ್ತಾನೆ. ಬಯಲಿನಲ್ಲಿ ಒಂದು ಕೋಲನ್ನು ತೂಕದ ಗುಂಡಿಗೆ ಸರಿಯಾಗಿ ನೆಟ್ಟು ಕಾದರೆ, ನಡುಹಗಲಿನಲ್ಲಿ ಅದರ ನೆರಳು ಬುಡದಲ್ಲಿಯೇ ಅಡಗಿಹೋಗುವುದನ್ನು ಕಾಣಬಹುದು. ಗಡಿಯಾರದಲ್ಲಿ ಆಗ ಹನ್ನೆರಡು ಗಂಟೆಯಾಗಿರುವುದಿಲ್ಲ. ಹನ್ನೆರಡು ಗಂಟೆ ದಾಟಿ ಇಪ್ಪತ್ತು ನಿಮಿಷಗಳ ಸುಮಾರಾಗಿರುತ್ತದೆ. ಭಾರತದ ಗಡಿಯಾರಗಳೆಲ್ಲ 82½ ಡಿಗ್ರಿ ಪೂರ್ವ ರೇಖಾಂಶಕ್ಕೆ ಹೊಂದಿಕೊಂಡಿರುವುದರಿಂದಲೂ, ಈ ಊರು 77 ಡಿಗ್ರಿಯ ಆಸುಪಾಸಿನಲ್ಲಿರುವುದರಿಂದಲೂ, ಡಿಗ್ರಿಗೆ ನಾಲ್ಕು ನಿಮಿಷಗಳಂತೆ ಅಷ್ಟು ವಿಳಂಬ ಸಹಜ.

ಕ್ರಿಸ್ತಪೂರ್ವ ಮೂರನೆಯ ಶತಮಾನದಲ್ಲಿ ಅಲೆಗ್ಸಾಂಡ್ರಿಯದ ಗ್ರಂಥಾಲಯದ ಅಧಿಪತಿಯಾಗಿದ್ದ ಎರಟೋಸ್ಥನೀಸನು ಇಂಥ ನೆರಳಿಲ್ಲದ ಮಧ್ಯಾಹ್ನವನ್ನೇ ಸಾಧನವಾಗಿ ಮಾಡಿಕೊಂಡು ಭೂಮಿಯ ಸುತ್ತಳತೆಯನ್ನು ಲೆಕ್ಕಹಾಕಿದನು. ದಕ್ಷಿಣದ ಸಯೀನ್ ಎಂಬ ಊರಿನಲ್ಲಿ ನೆರಳು ಇಲ್ಲವಾಗುವ ದಿನ ಅಲೆಗ್ಸಾಂಡ್ರಿಯದಲ್ಲಿ ಸೂರ್ಯನು ನೆತ್ತಿಯಿಂದ ವೃತ್ತದ ಐವತ್ತನೆಯ ಒಂದು ಪಾಲಿನಷ್ಟು ಓರೆಯಾಗಿದ್ದುದರಿಂದ, ಎರಡು ಊರುಗಳ ನಡುವಣ ದೂರವನ್ನು ಐವತ್ತರಿಂದ ಗುಣಿಸಿದರೆ ಭೂಮಂಡಲದ ಸುತ್ತಳತೆ ದೊರೆಯುವುದೆಂದು ಆತನು ತರ್ಕಿಸಿದನು. ಭೈರವಾನಿತಿಪ್ಪದವರು ಇದನ್ನು ಇನ್ನೂ ಸುಲಭವಾಗಿ ಮಾಡಬಹುದು. ಏಕೆಂದರೆ ದೆಹಲಿಯು ಹೆಚ್ಚು ಕಡಮೆ ಇದೇ ರೇಖಾಂಶದ ಮೇಲೆ, ನೇರ ಉತ್ತರಕ್ಕೆ, ಸುಮಾರು 1,560 ಕಿಲೋಮೀಟರು ದೂರದಲ್ಲಿದೆ. ಇಲ್ಲಿ ನೆರಳು ಮಾಯವಾದ ದಿನ, ದೆಹಲಿಯಲ್ಲಿರುವ ನೆಂಟರೊಬ್ಬರು ಅದೇ ನಡುಹಗಲಿನಲ್ಲಿ ಕೋಲಿನ ನೆರಳನ್ನು ಅಳೆದು ಫೋನಿನಲ್ಲಿ ತಿಳಿಸಿದರೆ, ಸೂರ್ಯನು ಅಲ್ಲಿ ಸುಮಾರು 14 ಡಿಗ್ರಿ ಓರೆಯಾಗಿರುವುದು ಗೊತ್ತಾಗುತ್ತದೆ. 360ನ್ನು 14ರಿಂದ ಭಾಗಿಸಿ, ಬಂದುದನ್ನು 1,560ರಿಂದ ಗುಣಿಸಿದರೆ 40,000 ಕಿಲೋಮೀಟರಿಗೆ ತೀರ ಸಮೀಪದ ಉತ್ತರ ಬರುತ್ತದೆ. ಎರಡು ಸಾವಿರ ವರ್ಷಗಳಾಚೆಯ ಗ್ರಂಥಸ್ಥವಾದ ವಿಚಾರವನ್ನು ತನ್ನ ಅಂಗಳದ ಕೋಲಿನಿಂದಲೇ ಸಾಧಿಸಿ ನೋಡಿದ ಹುಡುಗಿಗೆ ಭೂಮಿ ದುಂಡಗಿದೆಯೆಂಬುದು ಆಮೇಲೆ ಕೇಳಿದ ಮಾತಾಗಿ ಉಳಿಯುವುದಿಲ್ಲ.

ಈ ಸೀಮೆಯ ಅತ್ಯಂತ ವಿಶೇಷವಾದ ಪಾಠವೆಂದರೆ ಮರಳಿನದು. ಪಠ್ಯಪುಸ್ತಕಗಳಲ್ಲಿ ಮರಳುದಿಣ್ಣೆಯೆಂದೊಡನೆ ಸಹಾರ, ಥಾರ್ ಮರುಭೂಮಿಗಳ ಚಿತ್ರಗಳನ್ನು ಕೊಡುವ ರೂಢಿಯುಂಟು. ಭೈರವಾನಿತಿಪ್ಪದಿಂದ ನದಿಯ ಜಾಡಿನಲ್ಲಿಯೇ ಕೆಳಗೆ ಹೋದರೆ ಸಿಗುವ ಕಣೇಕಲ್ಲು, ಬೊಮ್ಮನಹಾಳು ಮಂಡಲಗಳಲ್ಲಿ ಹಗರಿಯ ಮರಳು ದಿಣ್ಣೆದಿಣ್ಣೆಯಾಗಿ ಹೊಲಗಳನ್ನು ಆಕ್ರಮಿಸಿರುವುದನ್ನು ಯಾರು ಬೇಕಾದರೂ ಹೋಗಿ ನೋಡಬಹುದು. ನದಿ ಬತ್ತಿ, ಅಗಲವಾದ ಪಾತ್ರವೆಲ್ಲ ಒಣಗಿ ಬಿದ್ದಿರುವಾಗ ಆಷಾಢದ ಗಾಳಿ ಪಡುವಲಿಂದ ಬೀಸತೊಡಗಿದರೆ, ಪಾತ್ರದ ಮರಳೆಲ್ಲ ಮೂಡಣ ದಂಡೆಗೆ ಏರುತ್ತದೆ. ಹೀಗೆ ವರ್ಷವರ್ಷವೂ ಏರಿದುದರ ಫಲವೇ ಈ ದಿಣ್ಣೆಗಳು. 1904ರಲ್ಲಿ ಡಬ್ಲ್ಯು. ಫ್ರಾನ್ಸಿಸ್ ಎಂಬ ಅಧಿಕಾರಿ ರಚಿಸಿದ ಬಳ್ಳಾರಿ ಜಿಲ್ಲೆಯ ಗೆಜೆಟಿಯರಿನಲ್ಲಿಯೇ ಹಗರಿಯ ಮರಳಿನ ಈ ಉಪದ್ರವದ ಪ್ರಸ್ತಾಪವಿದೆ.

ಗಾಳಿಯು ಮರಳನ್ನು ಒಯ್ಯುವ ಕ್ರಮವನ್ನು ಶಾಸ್ತ್ರೀಯವಾಗಿ ನಿರೂಪಿಸಿದ ಪ್ರಸಿದ್ಧ ಗ್ರಂಥವು 1941ರಲ್ಲಿ ಪ್ರಕಟವಾಯಿತು. ಅದನ್ನು ಬರೆದವನು ರಾಲ್ಫ್ ಬ್ಯಾಗ್ನಾಲ್ಡ್ ಎಂಬ ಬ್ರಿಟಿಷ್ ಸೈನ್ಯದ ಎಂಜಿನಿಯರು. ಲಿಬಿಯದ ಮರುಭೂಮಿಯಲ್ಲಿ ಸಂಚರಿಸಿ, ಬಳಿಕ ಪ್ರಯೋಗಶಾಲೆಯಲ್ಲಿ ಗಾಳಿಯ ಸುರಂಗ ಕಟ್ಟಿ ಆತನು ಕಂಡುಕೊಂಡ ಪ್ರಕಾರ, ಮರಳಿನ ಕಣವು ಧೂಳಿನಂತೆ ಆಕಾಶದಲ್ಲಿ ತೇಲಿ ಹೋಗದೆ, ನೆಲದಿಂದ ಚಿಮ್ಮಿ, ಸ್ವಲ್ಪ ದೂರ ಹಾರಿ, ಮತ್ತೆ ನೆಲಕ್ಕೆ ಬಿದ್ದು, ಬಿದ್ದ ರಭಸದಿಂದ ಬೇರೆ ಕಣಗಳನ್ನು ಚಿಮ್ಮಿಸುತ್ತ ಕುಪ್ಪಳಿಸಿಕೊಂಡು ಸಾಗುತ್ತದೆ. ಅದರ ಬಹುಭಾಗವು ಆಳೆತ್ತರಕ್ಕೂ ಏರುವುದಿಲ್ಲ. ಆದುದರಿಂದಲೇ ದಿಣ್ಣೆಗೆ ಗಾಳಿ ಬರುವ ಮಗ್ಗುಲಿನಲ್ಲಿ ನಿಧಾನವಾದ ಏರು, ಆಚೆಯ ಮಗ್ಗುಲಿನಲ್ಲಿ ಮರಳು ಜಾರಿ ನಿಲ್ಲುವ ಕಡಿದಾದ ಇಳಿಜಾರು. ಈ ಇಳಿಜಾರಿನ ಕೋನ ಮೂವತ್ತು ಡಿಗ್ರಿಗಿಂತ ತುಸು ಹೆಚ್ಚಾಗಿರುತ್ತದೆ. ಬೊಮ್ಮನಹಾಳಿನ ಕಡೆಯ ದಿಣ್ಣೆಯನ್ನು ಹತ್ತುವವನು ಪಡುವಣ ದಿಕ್ಕಿನಿಂದ ಹತ್ತಿದರೆ ಆಯಾಸವಾಗದೆ ಏರಿ, ಮೂಡಣ ದಿಕ್ಕಿಗೆ ಇಳಿಯುವಾಗ ಮೊಣಕಾಲುದ್ದ ಹೂತು ಜಾರುವನಾದರೆ, ಲಿಬಿಯದ ಗ್ರಂಥದಲ್ಲಿ ಬರೆದದ್ದು ರಾಯದುರ್ಗದ ಸೀಮೆಯಲ್ಲಿಯೂ ನಿಜವೆಂದಾಯಿತು. ಮರಳು ನೆಲಕ್ಕೆ ಅಂಟಿಕೊಂಡೇ ಚಲಿಸುವುದರಿಂದ ಗಿಡ್ಡ ಗಿಡಗಳ ಬೇಲಿ ಕೂಡ ಅದನ್ನು ತಡೆಯಬಲ್ಲುದೆಂಬ ತಿಳಿವಳಿಕೆಯೂ ಇದರಿಂದಲೇ ಹುಟ್ಟುತ್ತದೆ. ಹೊಲ ಕಳೆದುಕೊಂಡ ರೈತನಿಗೆ ಇದಕ್ಕಿಂತ ಬೇಕಾದ ಭೂಗೋಳವಾವುದು?

ನದಿಯಿಂದ ಕಣ್ಣೆತ್ತಿದರೆ ರಾಯದುರ್ಗದ ಬೆಟ್ಟ. ಕೋಟೆಯನ್ನು ಹೊತ್ತಿರುವ ಆ ಬಂಡೆಗಳ ಜಾತಿಯ ಗ್ರಾನೈಟು, ರಾಮನಗರದ ಹಳೆಯ ಹೆಸರಾದ ಕ್ಲೋಸ್‌ಪೇಟೆಯ ಹೆಸರನ್ನೇ ಹೊತ್ತು, ಅಲ್ಲಿಂದ ಪಾವಗಡದ ಮೇಲೆ ಬಳ್ಳಾರಿಯ ಕಡೆಗೆ ಒಂದು ಪಟ್ಟಿಯಾಗಿ ಹಬ್ಬಿದೆ. ಅದರ ವಯಸ್ಸು ಸುಮಾರು 250 ಕೋಟಿ ವರ್ಷಗಳು. ಹಿಮಾಲಯವು ಮೇಲೇಳತೊಡಗಿ ಐದು ಕೋಟಿ ವರ್ಷಗಳ ಸುಮಾರಾಗಿದೆಯಷ್ಟೆ. ಈ ಭಾಗದ ಶಿಲೆಗಳನ್ನು ರಾಬರ್ಟ್ ಬ್ರೂಸ್ ಫೂಟ್ ಮಹಾಶಯನು ಕಾಲ್ನಡಿಗೆಯಲ್ಲಿಯೂ ಕುದುರೆಯ ಮೇಲೆಯೂ ಸುತ್ತಿ ಪರೀಕ್ಷಿಸಿ, ಬಳ್ಳಾರಿ ಜಿಲ್ಲೆಯ ಭೂರಚನೆಯ ಮೇಲೆ 1895ರಲ್ಲಿ ಪ್ರಕಟಿಸಿದ ಗ್ರಂಥವು ಇಂದಿಗೂ ಓದತಕ್ಕದ್ದಾಗಿದೆ.

ರಾಯದುರ್ಗದ ವಿಷಯವನ್ನು ತಿಳಿಯಲು ಬಳ್ಳಾರಿಯ ಪುಸ್ತಕವನ್ನೇಕೆ ತೆರೆಯಬೇಕೆಂದು ಇಂದಿನ ತರುಣರಿಗೆ ಅನ್ನಿಸುವುದು ಸಹಜ. 1953ನೆಯ ಅಕ್ಟೋಬರು 1ರಂದು ಆಂಧ್ರ ರಾಜ್ಯವು ಸ್ಥಾಪನೆಯಾಗುವವರೆಗೂ ರಾಯದುರ್ಗವು ಬಳ್ಳಾರಿ ಜಿಲ್ಲೆಯ ತಾಲ್ಲೂಕಾಗಿತ್ತು. ಆ ದಿನ ಆದವಾನಿ, ಆಲೂರು, ರಾಯದುರ್ಗ ಈ ಮೂರು ತಾಲ್ಲೂಕುಗಳು ಆಂಧ್ರಕ್ಕೂ, ಬಳ್ಳಾರಿ ಜಿಲ್ಲೆಯ ಉಳಿದ ಭಾಗವು ಮೈಸೂರಿಗೂ ಸೇರಿದವು. ರಾಯದುರ್ಗವನ್ನು ಅನಂತಪುರ ಜಿಲ್ಲೆಗೆ ಕೂಡಿಸಲಾಯಿತು. ಮಡಕಶಿರಾ ಮೊದಲಿನಿಂದಲೂ ಅನಂತಪುರದಲ್ಲಿದ್ದು, 2022ರಲ್ಲಿ ಶ್ರೀ ಸತ್ಯಸಾಯಿ ಜಿಲ್ಲೆಗೆ ಹೋಯಿತು. ಹೀಗಾಗಿ ಒಂದೇ ಸೀಮೆಯ ವೃತ್ತಾಂತವನ್ನು ಹುಡುಕುವವನು, ರಾಯದುರ್ಗಕ್ಕೆ 1904ರ ಬಳ್ಳಾರಿಯ ಗೆಜೆಟಿಯರನ್ನೂ, ಮಡಕಶಿರೆಗೆ 1905ರ ಅನಂತಪುರದ ಗೆಜೆಟಿಯರನ್ನೂ ನೋಡಬೇಕು. ಮಡಕಶಿರೆಯ ಹೇಮಾವತಿಯು ಹೆಂಜೇರು ಎಂಬ ಹೆಸರಿನಿಂದ ನೊಳಂಬರ ರಾಜಧಾನಿಯಾಗಿದ್ದಾಗ ಈ ಗೆರೆಗಳಾವುವೂ ಇರಲಿಲ್ಲ. ಒಂಬತ್ತನೆಯ ಶತಮಾನದ ಕವಿರಾಜಮಾರ್ಗವು ಕನ್ನಡ ನಾಡಿನ ಮೇರೆಯನ್ನು ಕಾವೇರಿ, ಗೋದಾವರಿ ಎಂಬ ಎರಡು ನದಿಗಳಿಂದ ಗುರುತಿಸಿದುದು ಭೂಗೋಳದ ದೃಷ್ಟಿಯಿಂದ ಬಹು ಅರ್ಥವತ್ತಾದುದೆಂದು ನಾನು ತಿಳಿದಿದ್ದೇನೆ. ಸುಮಾರು 1025ರಲ್ಲಿ ಚಾವುಂಡರಾಯನು ಬರೆದ ಲೋಕೋಪಕಾರವಂತೂ ಮಳೆಯ ಲಕ್ಷಣಗಳನ್ನೂ, ನೆಲದ ಮೇಲಿನ ಗುರುತುಗಳಿಂದ ಅಂತರ್ಜಲವನ್ನು ಊಹಿಸುವ ಬಗೆಯನ್ನೂ ಕನ್ನಡದಲ್ಲಿ ಗೃಹಸ್ಥರಿಗಾಗಿ ತಿಳಿಸಿಕೊಟ್ಟಿತು. ಅದರಲ್ಲಿ ಹೇಳಿರುವುದನ್ನೆಲ್ಲ ಇಂದು ಒಪ್ಪಬೇಕಾಗಿಲ್ಲ. ಆದರೆ ಸಹಸ್ರ ವರ್ಷಗಳ ಹಿಂದೆಯೇ ಇಂಥ ಪುಸ್ತಕ ನಮ್ಮ ನುಡಿಯಲ್ಲಿ ಹುಟ್ಟಿತೆಂಬುದು ಅಭಿಮಾನಪಡಬೇಕಾದ ಸಂಗತಿ.

ಈಗಲೂ ಗಡಿಯ ಕನ್ನಡ ಮಾಧ್ಯಮದ ಶಾಲೆಗಳಿಗೆ ಆಂಧ್ರಪ್ರದೇಶ ಸರ್ಕಾರವು ಪಠ್ಯಪುಸ್ತಕಗಳನ್ನು ಕನ್ನಡದಲ್ಲಿಯೂ ಅಚ್ಚುಹಾಕಿಸಿ ಕೊಡುತ್ತಿದೆ. ಈ ಮಕ್ಕಳಿಗೆ ಹಾಗಾಗಿ ಒಂದು ಅಪೂರ್ವವಾದ ಸೌಕರ್ಯ ಒದಗಿದೆ: ಗೋದಾವರಿ, ಕೃಷ್ಣೆಯರ ಮುಖಜಭೂಮಿಯ ವಿಚಾರವನ್ನು ಕನ್ನಡದಲ್ಲಿ ಓದುವ ಯೋಗ ಕರ್ನಾಟಕದ ಎಷ್ಟು ಮಕ್ಕಳಿಗುಂಟು? ಇದರ ಜೊತೆಗೆ ಕನ್ನಡದಲ್ಲಿ ಬಂದಿರುವ ಇತರ ಪುಸ್ತಕಗಳೂ ಶಾಲೆಯ ಕಪಾಟಿಗೆ ಸೇರಿದರೆ ಅವರ ದೃಷ್ಟಿ ಎರಡೂ ಕಡೆ ಹರಿಯುತ್ತದೆ. ಶಿವರಾಮ ಕಾರಂತರು 1936ರಲ್ಲಿ ಮೂರು ಸಂಪುಟಗಳಲ್ಲಿ ಹೊರತಂದ ‘ಬಾಲಪ್ರಪಂಚ’, ಅನಂತರದ ನಾಲ್ಕು ಸಂಪುಟಗಳ ‘ವಿಜ್ಞಾನ ಪ್ರಪಂಚ’, ನಿರಂಜನರ ಸಂಪಾದಕತ್ವದಲ್ಲಿ ಏಳು ಸಂಪುಟಗಳಾಗಿ ಬಂದ ‘ಜ್ಞಾನಗಂಗೋತ್ರಿ’, ಮೈಸೂರು ವಿಶ್ವವಿದ್ಯಾನಿಲಯವು 1969ರಿಂದ ಪ್ರಕಟಿಸತೊಡಗಿದ ‘ಕನ್ನಡ ವಿಶ್ವಕೋಶ’, ಇವುಗಳಲ್ಲಿರುವ ಭೂವಿಷಯಗಳನ್ನು ಕ್ರಮವಾಗಿ ಓದಿದವನಿಗೆ ಇಂಗ್ಲಿಷು ಬಾರದೆಂಬ ಕೊರತೆ ಬಹುಮಟ್ಟಿಗೆ ಬಾಧಿಸದು. ಒಬ್ಬರೇ ಕುಳಿತು ಒಂದು ಮಕ್ಕಳ ವಿಶ್ವಕೋಶವನ್ನು ರಚಿಸಿದ ಕಾರಂತರ ಸಾಹಸವನ್ನು ನಾವು ಇನ್ನೂ ಸಾಕಷ್ಟು ಗೌರವದಿಂದ ನೆನೆಯುತ್ತಿಲ್ಲ.

ಪ್ರವಾಸಕಥನಗಳನ್ನೂ ಈ ಪಟ್ಟಿಯಲ್ಲಿ ಸೇರಿಸಲೇಬೇಕು. ಕಾರಂತರ ‘ಅಪೂರ್ವ ಪಶ್ಚಿಮ’, ಗೋಕಾಕರ ‘ಸಮುದ್ರದಾಚೆಯಿಂದ’ ಮೊದಲಾದುವು ಪರದೇಶದ ನೆಲವನ್ನು ಕನ್ನಡಿಗನ ಕಣ್ಣಿನಿಂದಲೇ ತೋರಿಸುವುದರಿಂದ ಪಠ್ಯದಲ್ಲಿ ದೊರೆಯದ ಆಪ್ತತೆ ಅವುಗಳಲ್ಲಿ ದೊರೆಯುತ್ತದೆ. ಈ ಸೀಮೆಯವರಿಗೆ ನಾನು ವಿಶೇಷವಾಗಿ ಹೇಳುವುದು ಪೂರ್ಣಚಂದ್ರ ತೇಜಸ್ವಿಯವರ ‘ಅಲೆಮಾರಿಯ ಅಂಡಮಾನ್ ಮತ್ತು ಮಹಾನದಿ ನೈಲ್’ ಎಂಬ ಪುಸ್ತಕವನ್ನು. ನೈಲ್ ನದಿಗೂ ಹಗರಿಗೂ ಗಾತ್ರದಲ್ಲಿ ಹೋಲಿಕೆಯೇ ಇಲ್ಲ; ಒಂದರ ಉದ್ದ 6,600 ಕಿಲೋಮೀಟರುಗಳಿಗೂ ಮಿಕ್ಕಿದುದು. ಹಾಗಾದರೂ ದೂರದ ಮಲೆಯಲ್ಲಿ ಬೇಸಗೆ ಕಳೆದು ಸುರಿದ ಮಳೆಯನ್ನು ಮಳೆಯಿಲ್ಲದ ಬಯಲಿಗೆ ಹೊತ್ತು ತರುವುದು ಎರಡರ ಧರ್ಮವೂ ಹೌದು. ಇಥಿಯೋಪಿಯದ ಎತ್ತರದ ನಾಡಿನಲ್ಲಿ ಮಳೆ ಹೇಗಾಯಿತೆಂದು ಪ್ರಾಚೀನ ಈಜಿಪ್ಟಿನ ಒಕ್ಕಲಿಗನಿಗೆ ತಿಳಿಯುವಂತಿರಲಿಲ್ಲ. ಹೊಳೆ ಬಂದರೆ ಬೆಳೆ, ಬಾರದಿದ್ದರೆ ಬರ. ಬಾಬಾಬುಡನ್ ಗಿರಿಯಲ್ಲಿ ಮುಂಗಾರು ಹೇಗಿದೆಯೆಂದು ಭೈರವಾನಿತಿಪ್ಪದ ಅಣೆಕಟ್ಟಿನ ಕೆಳಗಣ ರೈತನು ವಿಚಾರಿಸುವುದೂ ಅದೇ ಕಾರಣಕ್ಕೆ. ಅವನಿಗೂ ಗಿರಿಗೂ ನಡುವೆ ವಾಣೀವಿಲಾಸಸಾಗರವಿರುವುದರಿಂದ ಅವನು ಎರಡು ಕಡೆಯ ಸುದ್ದಿ ಕೇಳಬೇಕು.

ನಕ್ಷೆಯನ್ನು ಓದುವುದು ಪುಸ್ತಕವನ್ನು ಓದುವುದರ ಇನ್ನೊಂದು ಭಾಗ. 1802ರಲ್ಲಿ ಮದರಾಸಿನ ಬಳಿ ವಿಲಿಯಂ ಲ್ಯಾಂಬ್ಟನ್ನನು ಆರಂಭಿಸಿದ ಮಹಾ ತ್ರಿಕೋನಮಿತಿ ಸರ್ವೇಕ್ಷಣವು ಕನ್ಯಾಕುಮಾರಿಯ ಕಡೆಯಿಂದ ಹಿಮಾಲಯದವರೆಗೆ ಎಳೆದ ರೇಖೆ 78ನೆಯ ಡಿಗ್ರಿಯನ್ನು ಅನುಸರಿಸಿ ಇದೇ ಅನಂತಪುರ ಜಿಲ್ಲೆಯನ್ನು ಹಾದುಹೋಯಿತು. ಗುತ್ತಿಯ ಸಮೀಪದಲ್ಲಿ 1811ರಲ್ಲಿ ಅದಕ್ಕೊಂದು ಆಧಾರರೇಖೆಯನ್ನು ಸರಪಳಿಯಿಂದ ಅಳೆದರು. ಅಂದಿನ ಅಳತೆಗಳ ಮೇಲೆ ಬೆಳೆದ ಭಾರತೀಯ ಸರ್ವೇಕ್ಷಣ ಇಲಾಖೆಯ ಸ್ಥಳಾಕೃತಿ ನಕ್ಷೆಗಳನ್ನು 2017ರಿಂದ ನಾಗರಿಕರು ಅಂತರ್ಜಾಲದ ಮೂಲಕ ಉಚಿತವಾಗಿ ಪಡೆಯಬಹುದಾಗಿದೆ. ಅವುಗಳಲ್ಲಿ ನೆಲದ ಒಂದು ಕಿಲೋಮೀಟರು ಕಾಗದದ ಮೇಲೆ ಎರಡು ಸೆಂಟಿಮೀಟರು. ಕೆರೆ, ಬಾವಿ, ಗುಡಿ, ಬಂಡಿಯ ಜಾಡು ಎಲ್ಲಕ್ಕೂ ಗುರುತುಂಟು. ಹಳೆಯ ಎಣಿಕೆಯ ಕ್ರಮದಲ್ಲಿ ಹಿರಿಯೂರಿನ ಭಾಗ 57 ಸಿ, ರಾಯದುರ್ಗದ್ದು 57 ಬಿ, ಬಳ್ಳಾರಿಯದು 57 ಎ. 77ನೆಯ ರೇಖಾಂಶದ ಆಚೆ ಕಲ್ಯಾಣದುರ್ಗದ ಕಡೆಯದು 57 ಎಫ್. ಒಂದೊಂದರಲ್ಲಿಯೂ ಹದಿನಾರು ಹಾಳೆಗಳಿರುವುದರಿಂದ ಎಲ್ಲವನ್ನೂ ಒಮ್ಮೆಲೇ ಹೊಂದಿಸಲು ಶಾಲೆಯ ಜಗಲಿಯೇ ಬೇಕಾದೀತು. ಹೊಳೆಯ ಜಾಡಿನ ಹಾಳೆಗಳನ್ನಷ್ಟೇ ಆರಿಸಿ, ಹಿರಿಯೂರನ್ನು ಕೆಳಗೂ ಬಳ್ಳಾರಿಯನ್ನು ಮೇಲೂ ಬರುವಂತೆ ಅಂಟಿಸಿ, ಇಪ್ಪತ್ತು ಮೀಟರುಗಳಿಗೆ ಒಂದರಂತೆ ಎಳೆದಿರುವ ಸಮೋನ್ನತಿ ರೇಖೆಗಳು ನದಿಯನ್ನು ದಾಟುವ ಸ್ಥಳಗಳನ್ನೆಲ್ಲ ಪೆನ್ಸಿಲಿನಿಂದ ಗುರುತು ಮಾಡುತ್ತ ಬಂದರೆ, ಭೈರವಾನಿತಿಪ್ಪದ ಅಣೆಕಟ್ಟಿಗೆ ಆ ಸ್ಥಳವನ್ನೇ ಏಕೆ ಆರಿಸಿದರು, ಅದರ ಕೆಳಗೆ ನದಿ ಏಕೆ ಅಷ್ಟು ಹರಡಿಕೊಂಡು ಮರಳನ್ನು ಚೆಲ್ಲಿದೆ ಎಂಬೆರಡು ಪ್ರಶ್ನೆಗಳಿಗೂ ಉತ್ತರ ಆ ಗುರುತುಗಳ ನಡುವಣ ಅಂತರದಲ್ಲಿಯೇ ಇರುತ್ತದೆ.